ಟೀವಿಯ ಸಾವಿಗೆ ಸ್ನಾನ

ನಾವು ಸಿಡ್ನಿ ಬಿಟ್ಟು ಮೆಲ್ಬರ್ನ್‌ಗೆ ಬಂದದ್ದು ಬರಗಾಲದ ವರ್ಷಗಳಲ್ಲಿ. ಬಾಡಿಗೆಗೆ ಸಿಕ್ಕಿದ್ದು ಒಬ್ಬ ಮುದುಕಿಯ ಮನೆಯ ಹಿಂಭಾಗ. ನಾವು ನಲ್ಲಿ ತಿರುಗಿಸಿದರೆ ಮುಂದಿನ ಕೋಣೆಯಲ್ಲಿ ಆಕೆಗೆ ನಿದ್ದೆ ಹಾರುತ್ತಿತ್ತು. ಸರ್ಕಾರದ ನೀರಿನ ನಿರ್ಬಂಧ ಜಾರಿ ಮಾಡಲು ಆಕೆಯೊಬ್ಬಳೇ ಸಾಕಿತ್ತು. ಹುಡುಗಿಯಾಗಿದ್ದಾಗ ನಾಜಿಗಳ ಶಿಬಿರದಿಂದ ಬದುಕಿ ಬಂದವಳು, ತಾಯಿ ಅಲ್ಲೇ ಹೋದಳು ಎಂದು ಪಕ್ಕದ ಮನೆಯವರು ಹೇಳಿದ್ದರು. ನನ್ನೊಡನೆ ಮಾತ್ರ ಆಕೆ ಮಾತಾಡಿದ್ದೆಲ್ಲ ನೀರಿನ ಬಗ್ಗೆಯೇ.

ಮೈಸೂರಿನಿಂದ ಬಂದಿದ್ದ ಅಮ್ಮ ಒಂದು ಭಾನುವಾರ ಮಧ್ಯಾಹ್ನ ಟೀವಿ ಮುಂದೆ ಕೂತಿದ್ದಳು. ಅಡುಗೆ ಕಾರ್ಯಕ್ರಮ ಮುಗಿದು ಹಳೆಯ ಕಪ್ಪು ಬಿಳುಪು ಸಾಕ್ಷ್ಯಚಿತ್ರ ಶುರುವಾಯಿತು. ಶಿಬಿರದ ಗೇಟು ತೆರೆದಿದೆ, ಬಿಡಿಸಲು ಬಂದ ಸೈನಿಕರು ಮೂಗು ಮುಚ್ಚಿಕೊಂಡಿದ್ದಾರೆ, ನೆಲದ ತುಂಬ ಹೆಣ.

"ಯಾರೇ ಇವರೆಲ್ಲ? ಮನೆಯವರು ಯಾರೂ ಬರ್ಲಿಲ್ವಾ?"

"ಮನೆಯವರೂ ಅದರಲ್ಲೇ ಇದಾರಮ್ಮ."

ಅಮ್ಮ ಎದ್ದು ಬಚ್ಚಲಿಗೆ ಹೋಗಿ ಬಕೆಟ್ ತುಂಬಿಸಿ ತಲೆಗೆ ಸುರಿದುಕೊಳ್ಳತೊಡಗಿದಳು. ಅರವತ್ತು ವರ್ಷ ಹಳೆಯ ಸಾವಿಗೆ ಸೂತಕ! ಹೀಗಾದರೆ ವಾರ್ತೆ ಓದುವವರು ಕೆರೆಯಲ್ಲೇ ಕೂತು ಓದಬೇಕಾಗುತ್ತೆ ಎಂದು ಹೊರಗಿನಿಂದಲೇ ರೇಗಿಸಿದೆ.

ಬಾಗಿಲು ಬಡಿದ ಸದ್ದು. ಮುದುಕಿ! ಬೆಳಿಗ್ಗೆಯೇ ಒಂದು ಸ್ನಾನ ಆಗಿದೆಯಲ್ಲ, ಮತ್ತೊಂದು ಯಾಕೆ ಎಂದು ಬೆರಳೆತ್ತಿದವಳ ಕಣ್ಣು ಟೀವಿಯ ಮೇಲೆ ನಿಂತಿತು. ನಿಮ್ಮವರ ಹೆಣ ನೋಡಿ ಅಮ್ಮನಿಗೆ ಮೈಲಿಗೆಯಾಯಿತು ಎಂದು ಯಾವ ಬಾಯಲ್ಲಿ ಹೇಳಲಿ?

"ವೆರಿ ಹಾಟ್," ಎಂದೆ. ಹೊರಗೆ ಚಳಿಗಾಳಿ ಬೀಸುತ್ತಿತ್ತು.

ಒದ್ದೆ ತಲೆಗೆ ಟವೆಲ್ ಸುತ್ತಿಕೊಂಡು ಅಮ್ಮ ಬಂದಳು. "ಹಾಟು ಗೀಟು ನಂಗೂ ಗೊತ್ತಾಗುತ್ತೆ ಕಣೇ. ಸುಳ್ಳು ಯಾಕೆ? ಸ್ನಾನ ಮಾಡೋಕೆ ಮನೆಯವರೇ ಉಳಿದಿಲ್ಲ ಅಂದ್ಯಲ್ಲ, ಅದಕ್ಕೆ ನಾನು ಮಾಡ್ದೆ. ಹಾಗಂತ ಹೇಳು."

ನೆಂಟರು ಸತ್ತ ಸುದ್ದಿ ಬಂದಾಗ ಮಾಡುವ ಸ್ನಾನ ಅದು. ನನಗೆ ಹೊಳೆದಿರಲೇ ಇಲ್ಲ. ತಡವರಿಸುತ್ತ ಇಂಗ್ಲಿಷಿನಲ್ಲಿ ಹೇಳಿದೆ.

ಮುದುಕಿ ಎತ್ತಿದ ಬೆರಳು ಇಳಿಸಿದಳು. ಈ ಚಿತ್ರ ಬಂದಾಗಲೆಲ್ಲ ತಾಯಿಯ ಮುಖ ಹುಡುಕುತ್ತೇನೆ, ಸಿಕ್ಕಿಲ್ಲ ಎಂದಳು. ಅದನ್ನು ಅಮ್ಮನಿಗೆ ಕನ್ನಡದಲ್ಲಿ ಹೇಳಿದೆ.

"ತಾಯಿ ಹೆಸರೇನಂತೆ ಕೇಳೇ," ಎಂದಳು ಅಮ್ಮ. "ಹೆಸರು ಹೇಳಿ ಒಂದು ಚೊಂಬು ಹಾಕ್ಕೋತೀನಿ."

ಮುದುಕಿ ಹೇಳಿದಳು. ಅಮ್ಮನ ಬಾಯಲ್ಲಿ ಆ ಹೆಸರು ನಜ್ಜುಗುಜ್ಜಾಯಿತು. ಮುದುಕಿ ಗದರಿಸಿ ತಿದ್ದಿದಳು. ಮತ್ತೆ ತಪ್ಪು, ಮತ್ತೆ ಗದರಿಕೆ. ಕೊನೆಗೊಮ್ಮೆ ಸರಿಯಾಗಿ ಬಂತು. ಮುದುಕಿ ಬಾಗಿಲ ಚೌಕಟ್ಟು ಹಿಡಿದುಕೊಂಡಳು.

"ಇನ್ನೊಂದು ಸಲ ಹೇಳಲಿ," ಎಂದಳು.