ತಡವಾಗಿ ಕಣ್ಣು ಬಿಟ್ಟ ಕ್ಯಾಮೆರಾ

ಬೆಳಗಿನ ಆರು ಗಂಟೆ. ತಿತಿಮತಿಯಿಂದ ಆಚೆ, ಕಾಡಂಚಿನ ಸೇವಾ ಕೇಂದ್ರವೊಂದರಲ್ಲಿ ಗಂಗೆ ಮೇಜಿನಡಿ ಮಂಡಿಯೂರಿ ಕಂಪ್ಯೂಟರಿನ ಬೆನ್ನಿಗೆ ಕ್ಯಾಮೆರಾದ ವೈರು ಸಿಕ್ಕಿಸುತ್ತಿದ್ದಾರೆ. ಜಗಲಿಯಲ್ಲಿ ಹನ್ನೊಂದು ಮಂದಿ ಎಸ್ಟೇಟ್ ಕೆಲಸದವರು. ಎಂಟಕ್ಕೆ ತೋಟದ ಲೆಕ್ಕ ಬರೆಯುವ ರೈಟರ್ ಹಾಜರಿ ಕರೆಯುವಾಗ ಸಾಲಿನಲ್ಲಿ ಇಲ್ಲದಿದ್ದರೆ ಆ ದಿನದ ಕೆಲಸ ಹೋದಂತೆಯೇ. ಕೇಂದ್ರ ತೆರೆಯುವುದು ಹತ್ತಕ್ಕೆ ಎನ್ನುತ್ತದೆ ಬೋರ್ಡು. ಬರೆಸಿದವರಿಗೆ ಕಾಫಿ ಕುಡಿದು ಗೊತ್ತೇ ಹೊರತು ಕುಯ್ದು ಗೊತ್ತಿಲ್ಲ.

"ಮುತ್ತಕ್ಕ, ತಲೆಬಟ್ಟೆ ತೆಗೀರಿ. ಇದನ್ನೇ ನೋಡ್ತಾ ಇರಿ," ಎನ್ನುತ್ತಾರೆ ಗಂಗೆ, ಕ್ಯಾಮೆರಾ ತೋರಿಸಿ.

ಸಾಲಿನಲ್ಲಿ ಮೊದಲಿದ್ದ ಮುತ್ತಿಗೆ ಆಸ್ಪತ್ರೆ ಕಾರ್ಡ್ ಆಗಬೇಕು. ನಲವತ್ತು ವರ್ಷ ಕಾಫಿ, ಕರಿಮೆಣಸು ಕುಯ್ದ ಬೆರಳುಗಳ ಗೆರೆ ಸವೆದುಹೋಗಿದೆ, ಯಂತ್ರ ಒಪ್ಪುವುದಿಲ್ಲ. ಉಳಿದದ್ದು ಮುಖವೊಂದೇ. ದಿನಕ್ಕೆ ಇಂಥ ಮೂವತ್ತು ಮುಖಗಳನ್ನು ಗಂಗೆ ಹದಿಮೂರು ವರ್ಷ ಹಳೆಯ ಕ್ಯಾಮೆರಾದಲ್ಲಿ ಹಿಡಿಯುತ್ತಾರೆ.

ಗಂಗೆ ಇಲ್ಲಿಯ ಬುಡಕಟ್ಟು ಹಾಡಿಯವರೇ, ಕೇಂದ್ರದಲ್ಲಿ ಗುತ್ತಿಗೆಯ ನೌಕರಿ. ಎರಡು ವರ್ಷದ ಹಿಂದೆ ಮೇಲಿನ ಕಚೇರಿ ಹೊಸ ಕಂಪ್ಯೂಟರ್ ಕೊಟ್ಟು, ಅದಕ್ಕೆ ಹಾರ ಹಾಕಿ ಫೋಟೊ ತೆಗೆಸಿಕೊಂಡಿತು. ಕ್ಯಾಮೆರಾ ಕೊಡುವುದನ್ನು ಮಾತ್ರ ಮರೆಯಿತು. ಹಳೆಯದನ್ನು ಸಿಕ್ಕಿಸಿದರೆ ಪರದೆ ಪೂರಾ ಕಪ್ಪು.

"ಫೋನ್ ಮಾಡಿದ್ರೆ, ಅದ್ರ ಜೊತೆ ಬಂದ ಸಿಡಿ ಹಾಕಮ್ಮ ಅಂದ್ರು. ಹೊಸ ಕಂಪ್ಯೂಟರ್‌ನಲ್ಲಿ ಸಿಡಿ ಹಾಕೋ ಜಾಗಾನೇ ಇಲ್ಲ ಸಾರ್!" ಎಂದು ವರದಿಗೆ ಹೋದ ನನಗೆ ಗಂಗೆ ಹೇಳುತ್ತಾರೆ.

ಅದೇ ತಿಂಗಳು ಗಂಗೆಯ ತಾಯಿ ದೊಡ್ಡಿಗೆ ಕಣ್ಣಿನ ಪೊರೆ ತೆಗೆಯುವ ಆಪರೇಷನ್ನಿಗೆ ದಿನ ಗೊತ್ತಾಗಿತ್ತು. ಆಪರೇಷನ್ನಿಗೆ ಕಾರ್ಡ್ ಬೇಕು, ಕಾರ್ಡಿಗೆ ಮುಖ ಬೇಕು. ಮೂರು ಬೆಳಿಗ್ಗೆ ಮಗಳೆದುರೇ ಕುರ್ಚಿಯಲ್ಲಿ ಕೂತು ದೊಡ್ಡಿ ಬರಿಗೈಯಲ್ಲಿ ಎದ್ದುಹೋದರು. ಗೊತ್ತಾದ ದಿನ ದಾಟಿತು. ಪೊರೆ ಬಲಿತು, ಒಳಗೆ ಒತ್ತಡ ಏರಿ, ನೋಟವಿದ್ದ ಒಂದೇ ಕಣ್ಣೂ ಹೋಯಿತು.

ಆಮೇಲೊಂದು ಭಾನುವಾರ ಗಂಗೆ ಹಠ ಹಿಡಿದು ಕೂತರು. ಕಂಪ್ಯೂಟರಿನ ಮುಂಭಾಗದ ನೀಲಿ ಕಿಂಡಿ ಬಿಟ್ಟು, ಹಳೆಯ ಕ್ಯಾಮೆರಾಕ್ಕೆ ಹೊಂದುವ ಹಿಂಭಾಗದ ಕಪ್ಪು ಕಿಂಡಿಗೆ ವೈರು ಸಿಕ್ಕಿಸಿದರು. ಕಂಪ್ಯೂಟರ್ ತಾನಾಗಿ ಹಾಕಿಕೊಂಡಿದ್ದ ತಪ್ಪು ಡ್ರೈವರ್ ತಂತ್ರಾಂಶ ತೆಗೆದು, ಅದರಲ್ಲೇ ಇದ್ದ ಪಟ್ಟಿಯಿಂದ 'ಯುಎಸ್‌ಬಿ ವಿಡಿಯೊ ಡಿವೈಸ್' ಆರಿಸಿದರು. ಪರದೆಯಲ್ಲಿ ಎದುರಿನ ಗೋಡೆ ಕಂಡಿತು. ಗಂಗೆಗೆ ಖುಷಿಯಾಗಲಿಲ್ಲ, ಸಿಟ್ಟು ಬಂತು.

"ಹತ್ತು ನಿಮಿಷದ ಕೆಲ್ಸ. ಯಾರಾದ್ರೂ ಒಬ್ರು ಫೋನಲ್ಲಿ ಹೇಳಿದ್ರೆ ಸಾಕಿತ್ತು. ನಂಗೂ ಮೊದ್ಲೇ ತೋಚ್ಬೇಕಿತ್ತು. ಆ ಸಿಟ್ಟು ಇನ್ನೂ ಹೋಗಿಲ್ಲ."

ಕರೆಂಟ್ ಹೋಗಿ ಬಂದಾಗಲೆಲ್ಲ ಕ್ಯಾಮೆರಾ ಮತ್ತೆ ಮುನಿಯುತ್ತದೆ, ಗಂಗೆ ಮತ್ತೆ ಮಂಡಿಯೂರುತ್ತಾರೆ. ಸುತ್ತಲಿನ ನಾಲ್ಕು ಕೇಂದ್ರದವರು ಈಗ ಮೇಲಿನ ಕಚೇರಿಯನ್ನು ಬಿಟ್ಟು ಇವರಿಗೇ ಫೋನ್ ಮಾಡುತ್ತಾರೆ. ಒಂದೂ ಅರ್ಜಿ ಬಾಕಿಯಿಲ್ಲವೆಂದು ಕಳೆದ ವರ್ಷ ಪ್ರಶಸ್ತಿ ಬಂದದ್ದು ಮಾತ್ರ ಆ ಕಚೇರಿಗೇ. ಗಂಗೆಯನ್ನು ಸಮಾರಂಭಕ್ಕೂ ಕರೆದಿರಲಿಲ್ಲ.

ಮುತ್ತಿಯ ಮುಖ ಪರದೆಯಲ್ಲಿ ಮೂಡಿ, ಅರ್ಜಿ ಮುಂದೆ ಹೋಗುತ್ತದೆ. ಮುತ್ತಿ ತಲೆಬಟ್ಟೆ ಕಟ್ಟಿಕೊಳ್ಳುತ್ತಲೇ ಎಸ್ಟೇಟ್ ಜೀಪಿನತ್ತ ಓಡುತ್ತಾರೆ. ನಿಮಗೇನು ಬೇಕು ಎಂದು ಕೇಳಿದರೆ ಗಂಗೆ ಕ್ಯಾಮೆರಾದ ಗಾಜು ಒರೆಸುತ್ತಾರೆ.

"ಸರಿ ಮಾಡಿದ್ಮೇಲೆ ಇದ್ರಲ್ಲಿ ಮೊದ್ಲು ಹಿಡಿದಿದ್ದು ಅವ್ವನ ಮುಖ. ಕಾರ್ಡೂ ಬಂತು. ಅದನ್ನ ಸವರ್ಕೊಂಡು, ಫೋಟೊ ಚೆಂದ ಬಂದಿದ್ಯಾ ಮಗಾ ಅಂತ ಕೇಳ್ತಾಳೆ. ಬಂದಿದೆ ಅವ್ವ ಅಂತೀನಿ. ಇನ್ನೊಬ್ಬಳು ಮಗಳು ಹಂಗೆ ಹೇಳೋ ಹಂಗಾಗ್ಬಾರ್ದು. ಅಷ್ಟೇ ಸಾರ್."