ಕಾರಣ ಕೇಳಬಾರದ ಪಟ್ಟಿ

ಕೊರೊನಾ ಗದ್ದಲ ಮುಗಿದು, ಜನ ಮಾಸ್ಕ್ ಇಳಿಸಿ ಒಬ್ಬರ ಮುಖ ಒಬ್ಬರು ನೋಡತೊಡಗಿದ್ದ ವರ್ಷ ಅದು, 2022. ನಾನು ಹುಬ್ಬಳ್ಳಿಯ ಒಂದು ಖಾಸಗಿ ಆಸ್ಪತ್ರೆಯಲ್ಲಿ ಕ್ಯಾನ್ಸರ್ ರೋಗಿಗಳಿಗೆ ಕಿಮೋ ಕೊಡುವ ವಾರ್ಡಿನ ಇನ್‌ಚಾರ್ಜ್ ಸಿಸ್ಟರ್ ಆಗಿದ್ದೆ. ವಯಸ್ಸು ಐವತ್ತೈದು. ಕೇಶ್ವಾಪುರದ ಮನೆಯಿಂದ ಬೆಳಿಗ್ಗೆ ಏಳೂವರೆಗೆ ಹಾಜರಾಗುತ್ತಿದ್ದೆ. ಐದು ನಿಮಿಷ ತಡವಾಗಿ ಬಂದವರಿಗೆ ನನ್ನ ಬೈಗುಳವೇ ನಾಷ್ಟಾ.

ಕಿಮೋ ಔಷಧ ಬೆರೆಸುವವರ ಮೈಗೂ ಒಳ್ಳೆಯದಲ್ಲ. ಬಸುರಿಗೆ ಸೋಕಿದರೆ ಹೊಟ್ಟೆಯ ಕೂಸಿಗೆ ಅಪಾಯ, ಅದರಲ್ಲೂ ಮೊದಲ ಮೂರು ತಿಂಗಳು. ಅದಕ್ಕೇ ಬೆರೆಸಲು ಬೇರೆ ಕೋಣೆ, ಗೌನು, ಎರಡೆರಡು ಗ್ಲೌಸು. ನರ್ಸುಗಳಿಗೆ ಒಬ್ಬೊಬ್ಬರಿಗೆ ಒಂದೊಂದು ವಾರ ಪಾಳಿ. ‘ಗರ್ಭಿಣಿಯರು ಕೂಡಲೇ ಇನ್‌ಚಾರ್ಜ್‌ಗೆ ತಿಳಿಸಬೇಕು’ ಎಂದು ನಾನೇ ದುಂಡಗೆ ಬರೆದು ಆ ಕೋಣೆಯ ಬಾಗಿಲಿಗೆ ಅಂಟಿಸಿದ್ದೆ. ಅಲ್ಲಿಗೆ ನನ್ನ ಜವಾಬ್ದಾರಿ ಮುಗಿಯಿತು ಎಂದುಕೊಂಡಿದ್ದೆ.

ಗೋಪನಕೊಪ್ಪದ ಶಿವಲೀಲಾ ಎಂಬ ನರ್ಸ್ ನಮ್ಮಲ್ಲಿ ಸೇರಿ ಆರು ತಿಂಗಳಾಗಿತ್ತು. ಮಾತು ಕಡಿಮೆ, ಕೆಲಸ ಚೊಕ್ಕ. ಒಂದು ಸೋಮವಾರ ನನ್ನ ಟೇಬಲ್ ಹತ್ತಿರ ಬಂದು ನಿಂತಳು.

“ಸಿಸ್ಟರ್, ಈ ವಾರ ನನ್ನ ಮಿಕ್ಸಿಂಗ್ ಡ್ಯೂಟಿ ಬ್ಯಾರೇದವ್ರಿಗೆ ಹಾಕ್ತೀರೇನ್ರಿ? ಹೊರಗ ವಾರ್ಡಿನ್ಯಾಗ ಎಷ್ಟ ಕೆಲಸ ಹಚ್ಚಿದ್ರೂ ಮಾಡ್ತೇನ್ರಿ.”

“ಯಾಕ?”

“ಏನಿಲ್ರಿ… ಸುಮ್ನ.”

“ಸುಮ್ನ ಅಂದ್ರ? ಖರೇ ಕಾರಣ ಇದ್ರ ಹೇಳು. ಇಲ್ಲಂದ್ರ ಒಳಗ ನಡಿ.”

ಅವಳು ಬಾಗಿಲ ಮೇಲಿನ ನನ್ನ ಬರಹವನ್ನೊಮ್ಮೆ ನೋಡಿ ಒಳಗೆ ಹೋದಳು. ನಾಲ್ಕು ದಿನ ಬೆರೆಸಿದಳು. ಗ್ಲೌಸು ಎರಡು ಜೊತೆಯ ಬದಲು ಮೂರು ಜೊತೆ ಹಾಕಿಕೊಳ್ಳುತ್ತಿದ್ದಳು. ಹೀಗೆ ದಂಡ ಮಾಡಿದರೆ ಹೇಗೆ ಎಂದು ಅದಕ್ಕೂ ಗದರಿದೆ.

ಶುಕ್ರವಾರ ಒಳಗೆ ಔಷಧದ ಶೀಶೆಯೊಂದು ಕೈ ಜಾರಿ ಒಡೆಯಿತು. ಹಾಗಾದಾಗ ಮೊದಲು ಹೀರುಬಟ್ಟೆ ಹಾಸಿ ಅದನ್ನು ಮುಚ್ಚಬೇಕು, ಬಿಟ್ಟು ಬರುವಂತಿಲ್ಲ. ಶಿವಲೀಲಾ ಎಲ್ಲ ಬಿಟ್ಟು ಹೊರಗೆ ಓಡಿ ಬಂದಳು. ನನ್ನ ಪಿತ್ತ ನೆತ್ತಿಗೇರಿತು. ರೋಗಿಗಳ ಎದುರಿಗೇ ಕೂಗಾಡಿದೆ. ಅವಳು ಗೋಡೆಗೆ ಒರಗಿ ಹೊಟ್ಟೆಯ ಮೇಲೆ ಕೈ ಇಟ್ಟುಕೊಂಡಳು.

“ಎರಡ ತಿಂಗಳಾತ್ರಿ ಸಿಸ್ಟರ್. ಹೋದ ಸಲ ಓಣಿಗೆಲ್ಲಾ ಹೇಳಿದ್ವಿ, ಉಳೀಲಿಲ್ರಿ. ಈ ಸಲ ಮೂರು ತುಂಬೂತನಾ ಯಾರ ಮುಂದೂ ಬಾಯಿ ಬಿಡಬ್ಯಾಡ ಅಂತ ಅತ್ತಿಯವರು ಆಣಿ ಹಾಕ್ಯಾರ್ರಿ.”

ನಾನು ಗೌನ್ ಹಾಕಿಕೊಂಡು ಒಳಗೆ ಹೋಗಿ ಚೆಲ್ಲಿದ್ದನ್ನು ತೆಗೆದೆ. ದೃಷ್ಟಿಗೆ ಹೆದರಿ ಮೂರು ತಿಂಗಳು ಬಾಯಿ ಮುಚ್ಚಿಕೊಳ್ಳುವ ಪದ್ಧತಿ ನನಗೆ ಗೊತ್ತಿಲ್ಲದ್ದೇನಲ್ಲ. ನನ್ನ ಮಗ ಹೊಟ್ಟೆಯಲ್ಲಿದ್ದಾಗ ನಾನೂ ಹಾಗೇ ಮಾಡಿದ್ದೆ. ಔಷಧಕ್ಕೆ ಹೆದರಬೇಕಾದ ಮೂರು ತಿಂಗಳೇ ನಮ್ಮಲ್ಲಿ ಹೇಳಬಾರದ ಮೂರು ತಿಂಗಳು. ಇದು ನನ್ನ ತಲೆಗೆ ಹೊಳೆದಿರಲಿಲ್ಲ.

ಹೆರಿಗೆ ಡಾಕ್ಟರ್ ಮೇಡಂ ನಡೆದದ್ದನ್ನೆಲ್ಲ ಕೇಳಿಕೊಂಡರು. “ಗ್ಲೌಸ್ ಇದ್ವು, ಲಗೂನ ಹೊರಗ ಬಂದಾಳ, ಛಲೋ ಆತು. ಆದ್ರ ಏನೂ ಆಗಂಗಿಲ್ಲ ಅಂತ ನಾ ಬರದು ಕೊಡಾಕ ಆಗೂದಿಲ್ಲ. ಕಾಯಬೇಕು” ಎಂದರು. ಮಗು ಬೇಕೆನ್ನುವ ಗಂಡಸರೂ ಈ ಕೆಲಸದಿಂದ ದೂರವಿರುವುದು ಒಳ್ಳೆಯದು ಎಂದೂ ಹೇಳಿದರು.

ಮರುದಿನ ಶಿವಲೀಲಾಳ ಅತ್ತೆ ನೀಲವ್ವ ಬಂದರು. ತಲೆ ಮೇಲೆ ಸೆರಗು, ಹಣೆಯಲ್ಲಿ ವಿಭೂತಿ. ಜಗಳಕ್ಕೇ ಬಂದಿದ್ದಾರೆ ಎಂದುಕೊಂಡೆ. ಅವರು ಬೆಂಚಿನ ಮೇಲೆ ಕುಳಿತು ಮೆಲ್ಲಗೆ ಕೇಳಿದರು.

“ಬಾಯಿ ಮುಚ್ಚಿಸಿದಾಕಿ ನಾನ ರೀ. ಕೂಸಿನ್ನ ಕಾಯಾಕ ಹೋಗಿ ನಾನ ಕುತ್ತು ತಂದಿಟ್ನೇನ್ರಿ?”

“ನೀವಲ್ರಿ, ಅಮ್ಮಾರ. ಆಕಿ ಬ್ಯಾಡ ಅಂದ ಕೂಡ್ಲೆ ನಾ ಬಿಡಬೇಕಿತ್ತು” ಎಂದೆ. ಆ ಮಾತು ಹೇಳುವಾಗ ನನಗೆ ಬಹಳ ನಾಚಿಕೆಯಾಯಿತು.

ಆ ಸಂಜೆ ಶಿವಲೀಲಾಳನ್ನು ಹೊರಗಿನ ವಾರ್ಡಿನ ಕೆಲಸಕ್ಕೆ ಹಾಕಿ, ಬಾಗಿಲ ಮೇಲಿನ ಹಾಳೆ ಕಿತ್ತು ಬೇರೆಯದನ್ನು ಅಂಟಿಸಿದೆ: ‘ಈ ವಾರ ಬೆರೆಸುವ ಕೆಲಸ ಬೇಡ ಎನ್ನುವವರು ಹೆಸರು ಬರೆಯಿರಿ. ಕಾರಣ ಬರೆಯಬೇಡಿ. ಯಾರೂ ಕೇಳಬೇಡಿ.’ ಅದರ ಕೆಳಗೆ ಎರಡು ವಾರ ಒಂದು ಹೆಸರೂ ಬೀಳಲಿಲ್ಲ. ಹೊಸದಾಗಿ ಮದುವೆಯಾದ ಹುಡುಗಿ ಬರೆದರೆ ಡಂಗುರ ಸಾರಿದಂತೆಯೇ ಅಲ್ಲವೇ? ಕೊನೆಗೆ ನನ್ನ ಹೆಸರನ್ನೇ ಬರೆದೆ.

ನಮ್ಮ ನರ್ಸ್ ಬಸವರಾಜ ಅದನ್ನು ನೋಡಿ, “ಏನ್ರಿ ಸಿಸ್ಟರ್, ಪೇಢೆ ಯಾವಾಗ?” ಎಂದ. ವಾರ್ಡೆಲ್ಲ ನಕ್ಕಿತು.

“ಕೇಳಬ್ಯಾಡ ಅಂತ ಬರದೇನಿ. ಓದಾಕ ಬರೂದಿಲ್ಲೇನ?” ಎಂದೆ.

ಮುಂದಿನ ವಾರ ಪಟ್ಟಿಯಲ್ಲಿ ಬಸವರಾಜನ ಹೆಸರಿತ್ತು. ಅವನಿಗೆ ಮದುವೆಯಾಗಿ ನಾಲ್ಕು ತಿಂಗಳಾಗಿತ್ತು. ನಾನು ತುಟಿ ಬಿಚ್ಚಲಿಲ್ಲ. ಆಮೇಲೆ ಮದುವೆಯಾಗದವರು, ಮೊಮ್ಮಕ್ಕಳಿದ್ದವರು, ಎಲ್ಲರೂ ಆಗಾಗ ಬರೆಯತೊಡಗಿದರು. ಯಾರ ಹೆಸರು ನೋಡಿಯೂ ಏನನ್ನೂ ಊಹಿಸಲು ಆಗುತ್ತಿರಲಿಲ್ಲ. ನನಗೆ ಬೇಕಾಗಿದ್ದೂ ಅಷ್ಟೇ. ಖಾಲಿ ಬಿದ್ದ ವಾರಗಳನ್ನು ನಾನು, ನನ್ನ ವಯಸ್ಸಿನ ಇನ್ನೊಬ್ಬ ಸಿಸ್ಟರ್ ಸೇರಿ ತುಂಬಿದೆವು.

ಶಿವಲೀಲಾಗೆ ಹೆಣ್ಣು ಮಗುವಾಯಿತು. ಚೆನ್ನಾಗಿದೆ. ತೊಟ್ಟಿಲಿಗೆ ಹಾಕುವ ದಿನ ನೀಲವ್ವ ಕೂಸನ್ನು ಮೊದಲು ನನ್ನ ಮಡಿಲಿಗೇ ಕೊಟ್ಟರು. ಎಲ್ಲರೂ ನನ್ನನ್ನು ಹೊಗಳಿದರು. ಆದರೆ ಕೂಸು ಉಳಿದದ್ದು ಅದರ ಅದೃಷ್ಟ. ಆ ನಾಲ್ಕು ದಿನ ಇವತ್ತಿಗೂ ನನ್ನನ್ನು ಚುಚ್ಚುತ್ತವೆ.

ಹೋದ ವರ್ಷ ನನ್ನ ನಿವೃತ್ತಿಗೆ ಎರಡು ತಿಂಗಳು ಉಳಿದಿತ್ತು. ಒಂದು ಸೋಮವಾರ ಪಟ್ಟಿಯಲ್ಲಿ ಶಿವಲೀಲಾಳ ಹೆಸರಿತ್ತು. ಅವಳು ವಾರ್ಡಿನ ಆ ಕಡೆ ರೋಗಿಯೊಬ್ಬರಿಗೆ ಸಲೈನ್ ಹಚ್ಚುತ್ತಿದ್ದಳು. ಯಾಕೆ ಎಂದು ಕೇಳಲು ನಾಲಿಗೆ ತುದಿಗೆ ಬಂದಿತ್ತು. ಅವಳ ಮುಖವನ್ನೂ ನೋಡದೆ, ಗೌನ್ ಕಟ್ಟಿಕೊಂಡು ಅವಳ ಬದಲು ನಾನು ಒಳಗೆ ಹೋದೆ.