ಒಂದು ಗೇಣು ಮೇಲಿನಿಂದ ಬಿದ್ದ ದಾರ

2003ರ ನವೆಂಬರ್ ತಿಂಗಳ ಒಂದು ಮಧ್ಯಾಹ್ನ, ಉತ್ತರ ಥಾಯ್ಲೆಂಡಿನ ಚಿಯಾಂಗ್ ಮಾಯ್ ನಗರದ ಪಕ್ಕದ ಬೆಟ್ಟದ ಮೇಲಿನ ಬೌದ್ಧ ದೇವಾಲಯದಲ್ಲಿ, ಭಿಕ್ಷುಗಳೊಬ್ಬರು ನನ್ನ ಅಮ್ಮನ ಅಂಗೈಗೆ ಒಂದು ಬಿಳಿ ದಾರವನ್ನು ಒಂದು ಗೇಣು ಮೇಲಿನಿಂದ ಹಾಕಿದರು. ಅಮ್ಮನಿಗೆ ಆಗ ಅರವತ್ತು ದಾಟಿತ್ತು. ತಾಯಿ ಮಗಳು ಇಬ್ಬರೇ ಹೋಗಿದ್ದೆವು. ಮೂರು ದಿನದ ಪ್ರವಾಸ, ನಮಗೆಂದೇ ಒಂದು ಕಾರು, ಕಾರು ಓಡಿಸುತ್ತಲೇ ಊರು ತೋರಿಸುವ ಒಬ್ಬ ಗೈಡ್. ಅದು ಮೊದಲ ದಿನ.

ದಾರ ಬಿದ್ದದ್ದು ಏಕೆ ದೊಡ್ಡ ಸಂಗತಿಯಾಯಿತು ಎಂಬುದನ್ನು ಹೇಳಲು ಹತ್ತು ವರ್ಷ ಹಿಂದಿನ ಬೆಂಗಳೂರಿನ ಕಗ್ಗದಾಸಪುರದಿಂದ ಶುರುಮಾಡಬೇಕು.

ಆಗ ಕೆರೆಯ ಕೆಳಗೆ ಇನ್ನೂ ಸೊಪ್ಪು ಬೆಳೆಯುತ್ತಿದ್ದರು. ರೈಲ್ವೆ ಗೇಟ್ ಹಾಕಿದರೆ ಎರಡೂ ಕಡೆ ಸೈಕಲ್‌ಗಳೇ ಹೆಚ್ಚು ನಿಲ್ಲುತ್ತಿದ್ದವು. ಅಪ್ಪ ಹಳೇ ಮದ್ರಾಸ್ ರಸ್ತೆ ಕಡೆಯ ಸರ್ಕಾರಿ ಕಾರ್ಖಾನೆಯೊಂದರಲ್ಲಿ ಫಿಟ್ಟರ್. ಆಯುಧಪೂಜೆಯ ದಿನ ಕಾರ್ಖಾನೆಯೊಳಗೆ ಮನೆಯವರನ್ನೂ ಬಿಡುತ್ತಿದ್ದರು. ಅಪ್ಪ ಮಾತ್ರ ಯಂತ್ರಗಳನ್ನು ತೋರಿಸುವ ಮೊದಲು ಅಮ್ಮನನ್ನು ಕ್ಯಾಂಟೀನಿಗೆ ಕರೆದೊಯ್ದು, ಎಲ್ಲರೂ ಒಂದೇ ಸಾಲಿನಲ್ಲಿ ಕೂರುವ ಉದ್ದನೆಯ ಕಲ್ಲಿನ ಮೇಜನ್ನು ತೋರಿಸುತ್ತಿದ್ದರು. ಪ್ರತಿ ವರ್ಷವೂ ತೋರಿಸುತ್ತಿದ್ದರು.

ಅಮ್ಮ ಕೆ.ಆರ್. ಪುರದಿಂದಾಚೆಗಿನ ಒಂದು ಹಳ್ಳಿಯವಳು. ಅವಳ ಮನೆ ದಲಿತರ ಕೇರಿಯಲ್ಲಿತ್ತು. ಊರ ಗುಡಿಯ ಹೊರಗೆ ಕೇರಿಯವರು ಸೆರಗೊಡ್ಡಿ ನಿಲ್ಲಬೇಕು, ಪೂಜಾರಿ ಹೂವು ಕುಂಕುಮವನ್ನು ಮೇಲಿನಿಂದ ಹಾಕಬೇಕು. ಅಂಗಡಿಯಲ್ಲಿ ಬೆಲ್ಲವೂ ಹಾಗೆಯೇ. ಕೈಗೆ ಬೀಳುತ್ತಿತ್ತು, ಕೈಗೆ ಕೊಡುತ್ತಿರಲಿಲ್ಲ. ಆ ಅಭ್ಯಾಸ ಅಮ್ಮನಿಗೆ ಹೋಗಲೇ ಇಲ್ಲ. ಯಾರು ಏನು ಕೊಟ್ಟರೂ ಎರಡೂ ಕೈ ಬೊಗಸೆ ಮಾಡಿ ಹಿಡಿಯುತ್ತಿದ್ದಳು. ಒಮ್ಮೆ ಟಿನ್ ಫ್ಯಾಕ್ಟರಿ ನಿಲ್ದಾಣದಲ್ಲಿ ಬಸ್ ಕಂಡಕ್ಟರ್ ಟಿಕೆಟ್ ಹರಿದು ಕೊಡುವಾಗ ಬೊಗಸೆ ಕಂಡು ನಕ್ಕ. "ಏನಮ್ಮಾ, ತೀರ್ಥ ಅಂದ್ಕೊಂಡ್ರಾ? ಟಿಕೆಟ್ಟು ಇದು!" ಬಸ್ಸಿನಲ್ಲಿದ್ದವರೂ ನಕ್ಕರು. ಅಮ್ಮನೂ ನಕ್ಕಳು.

ತೊಂಬತ್ತರ ದಶಕದ ನಡುವೆ ಅಪ್ಪ ನಾಲ್ಕಾರು ಸಹೋದ್ಯೋಗಿಗಳ ಜೊತೆ ಬೌದ್ಧ ದೀಕ್ಷೆ ತೆಗೆದುಕೊಂಡರು. ಮನೆಯ ಗೋಡೆಯ ಪಟಗಳು ಕೆಳಗಿಳಿದವು. ಅಮ್ಮ ತನ್ನ ಹಳ್ಳಿಯ ದೇವಿಯ ಪಟವೊಂದನ್ನು ಮಾತ್ರ ಅಡುಗೆಮನೆಯ ರಾಗಿ ಡಬ್ಬಿಯ ಹಿಂದೆ ಇಟ್ಟುಕೊಂಡಳು. ಅಪ್ಪನಿಗೆ ಗೊತ್ತಿತ್ತು. ಖಾಲಿಯಾದ ಗೋಡೆಗೆ ಅಪ್ಪ ಶಿವಾಜಿನಗರದ ಟ್ರಾವೆಲ್ ಆಫೀಸೊಂದು ಪುಕ್ಕಟೆ ಹಂಚಿದ ಕ್ಯಾಲೆಂಡರ್ ತೂಗುಹಾಕಿದರು. ಅದರಲ್ಲಿ ಮಂಜು ಕವಿದ ಬೆಟ್ಟ, ಮುಂದೆ ಸಾಲಾಗಿ ನಡೆಯುವ ಭಿಕ್ಷುಗಳು, ದಾರಿಬದಿ ಮಂಡಿಯೂರಿ ಅನ್ನ ನೀಡುವ ಒಬ್ಬ ಹೆಂಗಸು. ಕೆಳಗೆ ಉತ್ತರ ಥಾಯ್ಲೆಂಡ್ ಎಂದು ಬರೆದಿತ್ತು. ವರ್ಷ ಮುಗಿದರೂ ಅಪ್ಪ ಅದನ್ನು ತೆಗೆಯಲಿಲ್ಲ.

"ಅಲ್ಲಿ ಯಾರೂ ಮೇಲಿಂದ ಹಾಕಲ್ಲ ಕಣೇ," ಎನ್ನುತ್ತಿದ್ದರು ಅಮ್ಮನಿಗೆ. "ರಿಟೈರ್ ಆಗ್ಲಿ, ಕರ್ಕೊಂಡ್ ಹೋಗ್ತೀನಿ. ನಿನ್ ಕೈಯಾರೆ ನೀಡ್ಬೌದು."

"ನಿಮ್ ಮಾತ್ ಕಟ್ಕೊಂಡು ದೇವ್ರನ್ನ ಡಬ್ಬಿ ಹಿಂದೆ ಕೂರ್ಸಿದ್ದೀನಿ. ಅಲ್ಲೂ ಹಿಂಗೇ ಇದ್ರೆ?"

"ಇದ್ರೆ ನಿನ್ ದೇವ್ರನ್ನ ಡಬ್ಬಿ ಮುಂದಕ್ಕೆ ತಂದ್ಕೋ. ನಾನ್ ಬಾಯ್ ಬಿಡಲ್ಲ."

ಈ ಮಾತು ವರ್ಷಕ್ಕೆ ಹತ್ತು ಸಲವಾದರೂ ನಡೆಯುತ್ತಿತ್ತು. ಅಪ್ಪ 2001ರಲ್ಲಿ ನಿವೃತ್ತರಾದರು. ಮರುವರ್ಷ ಹೃದಯಾಘಾತದಿಂದ ತೀರಿಕೊಂಡರು. ವರ್ಷದ ನೆನಪಿನ ಕಾರ್ಯ ಮುಗಿದ ಮರುದಿನ ಅಮ್ಮ ಕ್ಯಾಲೆಂಡರ್ ಧೂಳು ಒರೆಸುತ್ತ, "ಏನಮ್ಮಿ, ಹೋಗಿ ನೋಡ್ಕೊಂಡ್ ಬಂದ್ಬಿಡಾನ," ಎಂದಳು.

ನಾನು ಆಗ ಕನ್ನಡ ದಿನಪತ್ರಿಕೆಯೊಂದರ ಡೆಸ್ಕಿನಲ್ಲಿದ್ದೆ. ಕ್ಯಾಲೆಂಡರ್ ಮೇಲಿನ ವಿಳಾಸ ಹಿಡಿದೇ ಶಿವಾಜಿನಗರಕ್ಕೆ ಹೋದೆ. ಆಫೀಸಿನವರು ಅಮ್ಮನ ಮಂಡಿನೋವಿನ ವಿಷಯ ಕೇಳಿ ತಲೆಯಾಡಿಸಿದರು. "ಗ್ರೂಪು ಬ್ಯಾಡ ಮೇಡಮ್. ಎಲ್ರೂ ಓಡ್ತಾರೆ, ಅಮ್ಮ ಹಿಂದೆ ಉಳೀತಾರೆ. ನಿಮ್ದೇ ಒಂದು ಗಾಡಿ ಮಾಡೋಣ. ಅಮ್ಮ ನಿಲ್ಸು ಅಂದ್ರೆ ನಿಲ್ಬೇಕು, ಅಷ್ಟೇ."

ಹೊರಡುವ ಎರಡು ದಿನ ಮೊದಲು ಅಮ್ಮ ರಾಗಿ ಹುರಿಹಿಟ್ಟಿಗೆ ಬೆಲ್ಲ ಬೆರೆಸಿ ಉಂಡೆ ಕಟ್ಟಿದಳು. ಅಪ್ಪನಿಗೆ ಇಷ್ಟವಾದ ತಿಂಡಿ ಅದು. ಭಿಕ್ಷುವಿನ ಪಾತ್ರೆಗೆ ಅಪ್ಪನ ಹೆಸರಿನಲ್ಲಿ ನೀಡಲು ಒಂದು ಸ್ಟೀಲ್ ಡಬ್ಬಿ ತುಂಬ. ವಿಮಾನ ನಿಲ್ದಾಣ ಆಗ ನಮ್ಮ ಮನೆಗೆ ಹತ್ತಿರವೇ ಇತ್ತು. ಇಪ್ಪತ್ತು ವರ್ಷ ತಲೆಯ ಮೇಲೆ ಹಾದುಹೋಗುವ ವಿಮಾನಗಳನ್ನು ಬೈದುಕೊಂಡೇ ಬಟ್ಟೆ ಒಣಗಿಸಿದ್ದ ಅಮ್ಮ, ಮೊದಲ ಬಾರಿ ಒಳಗೆ ಕುಳಿತು, ಕೆಳಗೆ ನಮ್ಮ ಕೆರೆ ಹುಡುಕಿದಳು. ಸಿಗಲಿಲ್ಲ.

ಗೈಡ್‌ಗೆ ಮೂವತ್ತೈದರ ಆಸುಪಾಸು. ನಿಧಾನ ಇಂಗ್ಲಿಷ್ ಮಾತಾಡುತ್ತಿದ್ದ. ಅಮ್ಮನನ್ನು ಮೊದಲ ಗಳಿಗೆಯಿಂದಲೇ "ಮೇ" ಎಂದು ಕರೆದ. ಅವರ ಭಾಷೆಯಲ್ಲಿ ಅಮ್ಮ ಎಂದರ್ಥ. ಬೆಟ್ಟದ ದೇವಾಲಯಕ್ಕೆ ಮೆಟ್ಟಿಲುಗಳಿದ್ದವು, ಎರಡೂ ಬದಿಗೆ ಹೆಡೆಯೆತ್ತಿದ ನಾಗರಗಳು. ಅಮ್ಮ ಒಂದು ಹೆಡೆ ಸವರಿ, "ನಮ್ ಅಲಸೂರಿನ ಅರಳಿಕಟ್ಟೆ ನಾಗಪ್ಪನ ಅಣ್ಣ ಇವ್ನು," ಎಂದಳು. ಮಂಡಿಯ ದೆಸೆಯಿಂದ ಹಳಿಯ ಮೇಲೆ ಏರುವ ಗಾಡಿಯಲ್ಲಿ ಮೇಲೆ ಹೋದೆವು. ಮೇಲೆ ಚಿನ್ನದ ಬಣ್ಣದ ಸ್ತೂಪ ಬಿಸಿಲಿಗೆ ಕಣ್ಣು ಕೋರೈಸುತ್ತಿತ್ತು. ಅಮ್ಮ ಚಪ್ಪಲಿ ಬಿಟ್ಟು, ಯಾರೂ ತಡೆಯದ್ದನ್ನು ನೋಡುತ್ತ ನೋಡುತ್ತ ಮೂರು ಸುತ್ತು ಬಂದಳು. ಅವಳು ಅಷ್ಟು ಸಂತೋಷವಾಗಿದ್ದುದನ್ನು ಅಪ್ಪ ತೀರಿಕೊಂಡ ಮೇಲೆ ನಾನು ಕಂಡದ್ದು ಅಂದೇ.

ಒಳಗಿನ ಮಂಟಪದಲ್ಲಿ ವಯಸ್ಸಾದ ಭಿಕ್ಷುಗಳೊಬ್ಬರು ಕೂತು ನೀರು ಚಿಮುಕಿಸಿ, ಮುಂಗೈಗೆ ದಾರ ಕಟ್ಟುತ್ತಿದ್ದರು. ನಮ್ಮ ಮುಂದಿದ್ದ ಯುರೋಪಿನ ಗಂಡಸಿನ ಕೈ ಹಿಡಿದು ಗಂಟು ಹಾಕಿ ಬೆನ್ನು ತಟ್ಟಿದರು. ಅಮ್ಮ ಮುಂದೆ ಸರಿದು ಮುಂಗೈ ಚಾಚಿದಳು. ಭಿಕ್ಷುಗಳು ತಮ್ಮ ಕೈ ಹಿಂದಕ್ಕೆ ಎಳೆದುಕೊಂಡರು. ಅಂಗೈ ತೆರೆಯುವಂತೆ ಸನ್ನೆ ಮಾಡಿದರು. ದಾರವನ್ನು ಮೇಲಿನಿಂದ ಬಿಟ್ಟರು. ಅಮ್ಮನ ಇನ್ನೊಂದು ಕೈ ತಾನಾಗಿ ಬಂದು ಬೊಗಸೆಯಾಯಿತು. ನನಗೂ ಹಾಗೆಯೇ ಬಿತ್ತು. ನಾವಿಬ್ಬರೂ ಎದ್ದುಬಂದೆವು. ನಮ್ಮ ಹಿಂದಿನವರಿಗೆ ಏನು ಮಾಡಿದರು ಎಂದು ನಾನು ನಿಂತು ನೋಡಲಿಲ್ಲ. ನನ್ನ ಕಸುಬಿನ ಲೆಕ್ಕದಲ್ಲಿ ಅದು ತಪ್ಪು.

ಕಾರು ಬೆಟ್ಟ ಇಳಿದು ಅರ್ಧ ದಾರಿಯಾದ ಮೇಲೆ ಅಮ್ಮ ಕೇಳಿದಳು.

"ಇವ್ರಿಗೆ ಹೆಂಗ್ ಗೊತ್ತಾಯ್ತು?"

ಏನು ಎಂದು ನನಗೆ ತಕ್ಷಣ ಹೊಳೆಯಲಿಲ್ಲ. ಅವಳ ಮುಷ್ಟಿಯಲ್ಲಿ ಇನ್ನೂ ಮುದುಡಿದ್ದ ದಾರ ನೋಡಿದ ಮೇಲೆ ಹೊಳೆಯಿತು.

"ಅಮ್ಮಾ, ಅದೇನೋ ಇಲ್ಲಿನ ಪದ್ಧತಿ ಇರ್ಬೇಕು."

"ಪದ್ಧತಿ ಅಂತ್ಲೇ ನಮ್ಮೂರ್ ಪೂಜಾರಿನೂ ಅಂತಿದ್ದಿದ್ದು."

"ನಂಗೂ ಹಂಗೇ ಹಾಕಿದ್ರಲ್ಲ."

"ನೀನು ನನ್ ಮಗಳಲ್ವಾ."

ನಾನು ಗೈಡ್‌ನನ್ನು ಕೇಳಲೇಬೇಕಾಯಿತು. ಕೇಳಬೇಕಾದರೆ ಮೊದಲು ನಮ್ಮ ಊರಿನ ಗುಡಿ, ಕೇರಿ, ಸೆರಗು ಎಲ್ಲವನ್ನೂ ಇಂಗ್ಲಿಷಿನಲ್ಲಿ ಹೇಳಬೇಕಾಯಿತು. ಅವನು ಕಾರನ್ನು ರಸ್ತೆಬದಿಗೆ ನಿಲ್ಲಿಸಿ ಪೂರ್ತಿ ಕೇಳಿಸಿಕೊಂಡ. ಭಿಕ್ಷುಗಳು ಯಾವ ಹೆಂಗಸನ್ನೂ ಮುಟ್ಟುವಂತಿಲ್ಲ, ಹೆಂಗಸಿನ ಕೈಯಿಂದ ನೇರವಾಗಿ ಏನನ್ನೂ ತೆಗೆದುಕೊಳ್ಳುವಂತಿಲ್ಲ, ಪಾತ್ರೆಯಲ್ಲೋ ಬಟ್ಟೆಯ ಮೇಲೋ ಇಡಬೇಕು, ಶ್ರೀಮಂತಳಿಗೂ ಬಡವಳಿಗೂ ಹಾಗೆಯೇ, ತಾನು ಚಿಕ್ಕಂದಿನಲ್ಲಿ ಮೂರು ವರ್ಷ ಭಿಕ್ಷುವಾಗಿ ಚೀವರ ಉಟ್ಟಿದ್ದಾಗ ತನ್ನ ತಾಯಿಗೂ ಹಾಗೆಯೇ, ಎಂದ. ನಾನು ಕನ್ನಡದಲ್ಲಿ ಹೇಳಿದೆ. ಅಮ್ಮ ಕಿಟಕಿಯಾಚೆ ನೋಡುತ್ತಿದ್ದಳು.

"ಒಳ್ಳೆ ಹುಡ್ಗ," ಎಂದಳು. "ನಮ್ಗೆ ಬೇಜಾರಾಗ್ಬಾರ್ದು ಅಂತ ಹೇಳ್ತಾವ್ನೆ."

ಎರಡನೆಯ ದಿನ ಆ ದೇಶದ ಅತಿ ಎತ್ತರದ ಬೆಟ್ಟಕ್ಕೆ ಹೋದೆವು. ಮೇಲೆ ಮಂಜು, ಚಳಿ, ಕೊಂಬೆಕೊಂಬೆಗೂ ಉಣ್ಣೆಯಂತೆ ಜೋತ ಹಸಿರು ಪಾಚಿ. ಅಮ್ಮ ಅಪ್ಪನ ಮಂಕಿ ಕ್ಯಾಪ್ ಹಾಕಿಕೊಂಡಿದ್ದಳು. ಜಲಪಾತದ ಮುಂದೆ ನಿಂತ ಫೋಟೊದಲ್ಲಿ ಅವಳ ಕಣ್ಣು ಮೂಗು ಮಾತ್ರ ಕಾಣುತ್ತದೆ. ಇಳಿಯುವಾಗ ಬೆಟ್ಟದ ಜನರ ಹಳ್ಳಿಯೊಂದರಲ್ಲಿ, ಮೆಟ್ಟಿಲು ಮೆಟ್ಟಿಲಾದ ಗದ್ದೆಗಳಲ್ಲಿ ಭತ್ತ ಬಡಿಯುತ್ತಿದ್ದರು. ಎರಡು ದಿನದಲ್ಲಿ ಮೊದಲ ಬಾರಿ ಅಮ್ಮ, "ನಿಲ್ಸು ಅನ್ನು," ಎಂದಳು. ಇಳಿದುಹೋಗಿ ಒಂದು ತೆನೆ ಅಂಗೈಯಲ್ಲಿ ಉಜ್ಜಿ, ಹೊಟ್ಟು ಊದಿ, ಕಾಳು ಬಾಯಿಗೆ ಹಾಕಿಕೊಂಡಳು. ಅಲ್ಲಿನ ಹೆಂಗಸೊಬ್ಬಳು ಬಿದಿರಿನ ಲೋಟದಲ್ಲಿ ಚಹಾ ತಂದು ಅಮ್ಮನ ಬೊಗಸೆಯೊಳಗೇ ಕೂರಿಸಿ, ಬಿಸಿಯಿದೆಯೆಂದು ತನ್ನ ಕೈಯನ್ನೂ ಸ್ವಲ್ಪ ಹೊತ್ತು ಸುತ್ತಲೇ ಹಿಡಿದಿದ್ದಳು.

"ಈಯಮ್ಮ ಮುಟ್ಟಿದ್ಲು," ಎಂದಳು ಅಮ್ಮ, ಕಾರಿಗೆ ಬಂದ ಮೇಲೆ. ಆದರೂ ಸಂಜೆ ಹೋಟೆಲಿನಲ್ಲಿ ಉಂಡೆಯ ಡಬ್ಬಿಯನ್ನು ಚೀಲದ ತಳಕ್ಕೆ ಇಟ್ಟು, ಮೇಲೆ ಸೀರೆಗಳನ್ನು ಒಟ್ಟಿದಳು. "ವಾಪಸ್ ತಗೊಂಡೋಗಾನ. ಪಕ್ಕದ್ಮನೆ ಮಕ್ಳು ತಿಂತಾವೆ."

ಅಪ್ಪ ಪಂದ್ಯ ಸೋತಿದ್ದರು. ದೇವಿಯ ಪಟ ಡಬ್ಬಿ ಮುಂದಕ್ಕೆ ಬರುತ್ತದೆ ಎಂದು ನನಗೆ ಖಚಿತವಾಯಿತು.

ಮೂರನೆಯ ಬೆಳಿಗ್ಗೆ ನಮ್ಮ ಪಟ್ಟಿಯಲ್ಲಿದ್ದದ್ದು ನಗರದ ನಸುಕಿನ ಮಾರುಕಟ್ಟೆ. ಗೈಡ್ ನಮ್ಮನ್ನು ಅಲ್ಲಿಗೆ ಕರೆದೊಯ್ಯಲಿಲ್ಲ. ಇಪ್ಪತ್ತು ನಿಮಿಷದಾಚೆ, ಗದ್ದೆಗಳ ನಡುವೆ, ಕಂಬಗಳ ಮೇಲೆ ನಿಂತ ಮರದ ಮನೆಯ ಮುಂದೆ ಕಾರು ನಿಲ್ಲಿಸಿದ. ಅದು ಅವನ ತಾಯಿಯ ಮನೆ. ಆಕೆ ಗೇಟಿನ ಬಳಿ ಚಾಪೆಯ ಮೇಲೆ ಅನ್ನದ ಬುಟ್ಟಿ ಇಟ್ಟುಕೊಂಡು ಕಾಯುತ್ತಿದ್ದರು. ಅಮ್ಮನ ವಯಸ್ಸೇ ಇರಬೇಕು. ಮಾತಿಲ್ಲದೆ ಚಾಪೆ ತಟ್ಟಿ ಅಮ್ಮನನ್ನು ಪಕ್ಕದಲ್ಲಿ ಕೂರಿಸಿಕೊಂಡರು.

ಬೆಳಕು ಹರಿಯುವಾಗ ಐವರು ಭಿಕ್ಷುಗಳು ಬರಿಗಾಲಲ್ಲಿ ಸಾಲಾಗಿ ಬಂದರು. ಗೈಡ್ ನನ್ನ ಕಿವಿಯಲ್ಲಿ, "ಮೂರನೆಯವನು ನನ್ನ ತಮ್ಮ," ಎಂದ. ನಾನು ಅಮ್ಮನ ಕಿವಿಯಲ್ಲಿ ಹೇಳಿದೆ. ಆ ತಾಯಿ ಒಬ್ಬೊಬ್ಬರ ಪಾತ್ರೆಗೂ ಅಂಟನ್ನದ ಮುದ್ದೆ ಇಟ್ಟರು. ಮೂರನೆಯವನಿಗೆ ಅನ್ನದ ಜೊತೆ ಒಂದು ಕೆಮ್ಮಿನ ಔಷಧದ ಬಾಟಲಿಯೂ ಇತ್ತು. ಮಗ ಜೋಳಿಗೆಯಿಂದ ಅಂಗೈಯಗಲದ ಬಟ್ಟೆಯೊಂದನ್ನು ತೆಗೆದು, ಒಂದು ತುದಿ ತಾನು ಹಿಡಿದು ಹಾಸಿದ. ತಾಯಿ ಬಾಟಲಿಯನ್ನು ಬಟ್ಟೆಯ ಮೇಲಿಟ್ಟರು. ಅವನು ಬಟ್ಟೆಯಿಂದ ಎತ್ತಿಕೊಂಡ. ಇಬ್ಬರ ಬೆರಳೂ ತಾಕಲಿಲ್ಲ.

"ಹೆತ್ತವ್ಳಿಗೂನಾ?" ಎಂದಳು ಅಮ್ಮ. ನನ್ನ ಕಡೆ ತಿರುಗಿ, "ಡಬ್ಬಿ ತತ್ತಾ. ಓಡು," ಎಂದಳು.

ಡಬ್ಬಿ ಚೀಲದ ತಳದಲ್ಲಿತ್ತು. ನಾನು ಸೀರೆಗಳನ್ನು ಕಾರಿನ ಸೀಟಿನ ಮೇಲೆಲ್ಲ ಚೆಲ್ಲಿ ಅದನ್ನು ಹಿಡಿದು ಓಡಿಬಂದಾಗ ಸಾಲು ಮುಂದೆ ಸರಿದು, ಕೊನೆಯ ಭಿಕ್ಷು ಮಾತ್ರ ಉಳಿದಿದ್ದರು. ಆ ತಾಯಿ ಅವರಿಗೆ ಏನೋ ಹೇಳಿ ನಿಲ್ಲಿಸಿದ್ದರು. ಅಮ್ಮ ಎಲ್ಲ ಉಂಡೆಗಳನ್ನೂ ಬೊಗಸೆಗೆ ತುಂಬಿಕೊಂಡಳು. ಮೇಲಿನಿಂದ ಬಿಡಲಿಲ್ಲ. ಎರಡೂ ಕೈಯನ್ನು ಪಾತ್ರೆಯೊಳಗೆ, ಬಳೆ ಮುಳುಗುವವರೆಗೆ ಇಳಿಸಿ, ಅನ್ನದ ಮೇಲೆ ಇಟ್ಟು, ನಿಧಾನವಾಗಿ ಹೊರತೆಗೆದಳು. ಭಿಕ್ಷು ಪಾತ್ರೆಯನ್ನು ಹಿಂದಕ್ಕೆ ಎಳೆಯಲಿಲ್ಲ. ಮುಚ್ಚಳ ಮುಚ್ಚಿ ಮುಂದಿನವರ ಜೊತೆ ಸೇರಿಕೊಂಡರು. ಐವರೂ ಪಾಲಿ ಭಾಷೆಯಲ್ಲಿ ಹರಸಿದರು. ಅಪ್ಪ ಬೆಳಿಗ್ಗೆ ಹೇಳಿಕೊಳ್ಳುತ್ತಿದ್ದ ಒಂದೆರಡು ಪದ ಅದರಲ್ಲಿದ್ದವು. ಅಮ್ಮ ಆ ಪದಗಳು ಬಂದಾಗ ಮಾತ್ರ ತುಟಿಯಾಡಿಸಿದಳು.

ಅವರು ಹೋದ ಮೇಲೆ ಅಮ್ಮ ಸೆರಗಿನ ಗಂಟು ಬಿಚ್ಚಿ ಬಿಳಿ ದಾರ ತೆಗೆದು ಆ ತಾಯಿಯ ಮುಂದೆ ಹಿಡಿದಳು. ಅವರು ಅಮ್ಮನ ಕೈಯನ್ನು ತಮ್ಮ ತೊಡೆಯ ಮೇಲಿಟ್ಟುಕೊಂಡು ಮೂರು ಗಂಟು ಹಾಕಿದರು.

ವಿಮಾನ ನಿಲ್ದಾಣದ ದಾರಿಯಲ್ಲಿ ಅಮ್ಮ ತಾನಾಗಿಯೇ ಮಾತು ತೆಗೆದಳು. "ಹಂಗಾದ್ರೆ ಹೆಂಗ್ಸು ಅಂತ ಮುಟ್ಟಲ್ಲ."

"ಹೂಂ."

"ಅದೂ ತಪ್ಪೇ ಬಿಡು. ಮಗಂಗೆ ಕೆಮ್ಮು, ಎದೆ ಸವ್ರಾಕಿಲ್ಲ ಅಂದ್ರೆ ಏನ್ ನ್ಯಾಯ? ಆದ್ರೆ ಅದು ಬೇರೆ ಜಗಳ. ನಿಮ್ಮಪ್ಪ ಹೇಳಿದ್ದು ಆ ಜಗಳ ಅಲ್ಲ." ಗೈಡ್ ಏನೆಂದು ಕನ್ನಡಿಯಲ್ಲಿ ನನ್ನ ಮುಖ ನೋಡಿದ. ನಾನು ಇಂಗ್ಲಿಷಿಗೆ ತಂದು ಹೇಳಿದೆ. ತನ್ನ ತಾಯಿಯೂ ಇದನ್ನೇ ಹೇಳುತ್ತಾರೆ ಎಂದ.

ಆ ಪ್ರವಾಸದ ಫೋಟೊಗಳು ಹದಿನಾರು ಉಳಿದಿವೆ. ಕಗ್ಗದಾಸಪುರದಲ್ಲಿ ಸೊಪ್ಪಿನ ಮಡಿಗಳಿದ್ದ ಜಾಗದಲ್ಲಿ ಮನೆಗಳೆದ್ದವು. ರೈಲ್ವೆ ಗೇಟಿನ ಬಳಿ ಕಾರುಗಳ ಸಾಲು ಬೆಳೆಯಿತು. 2008ರಲ್ಲಿ ವಿಮಾನ ನಿಲ್ದಾಣ ದೇವನಹಳ್ಳಿಗೆ ಹೋಯಿತು, ತಲೆಯ ಮೇಲಿನ ಸದ್ದು ಕಡಿಮೆಯಾಯಿತು. ಕೆಲವು ದಿನ ಅಮ್ಮ ಬಟ್ಟೆ ಒಣಗಿಸುವಾಗ ಆಕಾಶ ನೋಡುತ್ತಿದ್ದಳು.

2009ರಲ್ಲಿ ಅಡುಗೆಮನೆಗೆ ಬಣ್ಣ ಹೊಡೆಸಲು ಡಬ್ಬಿಗಳನ್ನೆಲ್ಲ ಇಳಿಸಿದೆವು. ದೇವಿಯ ಪಟ ರಾಗಿ ಡಬ್ಬಿಯ ಹಿಂದೆಯೇ ಇತ್ತು. ಸವೆದು ಕಡಿದ ಬಿಳಿ ದಾರ ಪಟದ ಚೌಕಟ್ಟಿಗೆ ಸುತ್ತಿತ್ತು. ಬಣ್ಣ ಒಣಗಿದ ಮೇಲೆ ಅಮ್ಮ ಪಟವನ್ನು ದಾರದ ಸಮೇತ ಇದ್ದ ಜಾಗದಲ್ಲೇ ಇಟ್ಟು, ಮುಂದೆ ರಾಗಿ ಡಬ್ಬಿ ಇಟ್ಟಳು.